ಡಿಕ್ರಿ ಇಲ್ಲಿದೆ, ಬಾಂದುಕಲ್ಲು ಎಲ್ಲಿ?

ಅಡಿಕೆ ಮಂಡಿಯ ಹೆಸರು ಅಚ್ಚಾದ ಬಟ್ಟೆಯ ಕೈಚೀಲ. ಅದರೊಳಗೊಂದು ಪ್ಲಾಸ್ಟಿಕ್ ಕವರು. ಕವರಿನಿಂದ ಹೊರಬರುವ ಕಾಗದ ನಾಲ್ಕಾಗಿ ಮಡಚಿದ್ದು. ಮಡಿಕೆ ಬಿದ್ದಲ್ಲೆಲ್ಲ ಹರಿದಿದೆ, ಹಿಂಬದಿಗೆ ಹಚ್ಚಿದ ಟೇಪು ಹಳದಿಗಟ್ಟಿದೆ. ಟೈಪ್‌ರೈಟರಿನ ಅಕ್ಷರಗಳಲ್ಲಿ ಕೆಲವು ಕಾಗದವನ್ನೇ ತೂತು ಮಾಡಿವೆ, ಕೆಲವು ಸರಿಯಾಗಿ ಮೂಡಿಯೇ ಇಲ್ಲ. ಕೊನೆಯ ಪುಟದ ಬೆನ್ನಿಗೆ ನಕಲಿಗೆ ಅರ್ಜಿ ಕೊಟ್ಟ ದಿನ, ನಕಲು ಸಿದ್ಧವಾದ ದಿನ, ಪಡೆದುಕೊಂಡ ದಿನ ಎಂಬ ಸಾಲುಗಳು. ಪಕ್ಕದಲ್ಲಿ ನ್ಯಾಯಾಲಯದ ದುಂಡು ಮೊಹರು. ಪೊಲೀಸ್ ಠಾಣೆಯ ಜಗಲಿಯ ಬೆಂಚಿನಲ್ಲಿ ಕೂತ ಹಿರಿಯರು ಅದನ್ನು ತೊಡೆಯ ಮೇಲೆ ಹರಡಿ ಅಂಗೈಯಿಂದ ನೀವುತ್ತಾರೆ. ಹೊರಗೆ ಆಷಾಢದ ಮಳೆ. ಒಳಗೆ ವೈರ್‌ಲೆಸ್ ಕರಕರ ಎನ್ನುತ್ತಿದೆ.

ಸಾಗರವೋ ಹೊಸನಗರವೋ ತೀರ್ಥಹಳ್ಳಿಯೋ, ಠಾಣೆ ಯಾವುದಾದರೂ ಆಗಬಹುದು. ಮಾತು ಮಾತ್ರ ಹೆಚ್ಚುಕಡಿಮೆ ಒಂದೇ.

"ಸಾಹೇಬ್ರೆ, ಇದು ಅಪ್ಪಯ್ಯನ ಕಾಲದ ಡಿಕ್ರಿ. ಅಪೀಲಿನಲ್ಲೂ ಗೆದ್ದಿದ್ದು. ಈಗ ಸೋತವರ ಮಗ ಜೆಸಿಬಿ ತಂದು ದರೆ ಕಡಿಸಿ ನಮ್ಮ ಅಗಳು ಮುಚ್ಚಿದಾನೆ. ನೀವು ಒಂದ್ಸಲ ಬಂದು ಹೇಳಿದ್ರೆ ಸಾಕು."

ಸಬ್ ಇನ್‌ಸ್ಪೆಕ್ಟರು ಕಾಗದವನ್ನು ಮೇಲಿಂದ ಕೆಳಗೆ ನೋಡುತ್ತಾರೆ. "ಯಜಮಾನ್ರೆ, ಇದು ಸಿವಿಲ್ ಮ್ಯಾಟರು. ನಾವು ಕೈಹಾಕೋ ಹಂಗಿಲ್ಲ. ನೀವು ಕೋರ್ಟಿಗೆ ಹೋಗಿ."

"ಕೋರ್ಟಿಗೆ ಹೋಗಿದ್ದಕ್ಕೇ ಅಲ್ವ ಇದು ಸಿಕ್ಕಿದ್ದು?"

ಬರೆಯುತ್ತಿದ್ದ ಕಾನ್‌ಸ್ಟೇಬಲ್ ತಲೆ ಎತ್ತುತ್ತಾರೆ. ಆ ಪ್ರಶ್ನೆಗೆ ಠಾಣೆಯಲ್ಲಿ ಚುಟುಕು ಉತ್ತರವಿಲ್ಲ. ಸ್ವಲ್ಪ ಹೊತ್ತಿಗೆ ಹಿರಿಯರ ಕೈಗೆ ಒಂದು ಹಿಂಬರಹ ಬರುತ್ತದೆ: ಅರ್ಜಿಯಲ್ಲಿನ ವಿಷಯ ಸಿವಿಲ್ ಸ್ವರೂಪದ್ದು, ಸಂಬಂಧಪಟ್ಟ ನ್ಯಾಯಾಲಯದಲ್ಲಿ ಪರಿಹಾರ ಪಡೆದುಕೊಳ್ಳತಕ್ಕದ್ದು. ಆ ಹಾಳೆಯೂ ಪ್ಲಾಸ್ಟಿಕ್ ಕವರಿನೊಳಗೆ ಸೇರುತ್ತದೆ.

ಸಬ್ ಇನ್‌ಸ್ಪೆಕ್ಟರರ ಕಡೆಯಿಂದಲೂ ನೋಡಬೇಕು. ಅವರೆದುರು ಇರುವ ಡಿಕ್ರಿಯ ಷೆಡ್ಯೂಲಿನಲ್ಲಿ ಇರುವುದು ಸರ್ವೆ ನಂಬರು, ಎಕರೆ, ಗುಂಟೆ, ಆಮೇಲೆ ಚಕ್ಕುಬಂದಿ. ಪೂರ್ವಕ್ಕೆ ಪ್ರತಿವಾದಿಯ ಬಾಗಾಯ್ತು, ಪಶ್ಚಿಮಕ್ಕೆ ಹಳ್ಳ, ಉತ್ತರಕ್ಕೆ ಸೊಪ್ಪಿನಬೆಟ್ಟ, ದಕ್ಷಿಣಕ್ಕೆ ಮತ್ತಿಮರ ಇರುವ ದರೆ. ಮತ್ತಿಮರ ಯಾವಾಗಲೋ ನಾಟಾ ಆಗಿಹೋಗಿದೆ. ಹಳ್ಳ ಒಂದು ಮಳೆಗಾಲದಲ್ಲಿ ದಾರಿ ಬದಲಿಸಿದೆ. ಅಂದಿನ ಪ್ರತಿವಾದಿ ತೀರಿಕೊಂಡು ಆಸ್ತಿ ಮೂರು ಪಾಲಾಗಿದೆ. ಸಂಜೆಯ ಹೊತ್ತಿಗೆ ಎದುರು ಪಕ್ಷದವರೂ ಪಹಣಿ, ನಕಾಶೆ ಹಿಡಿದು ಬರುತ್ತಾರೆ. ಅವರ ಕಾಗದಕ್ಕೂ ಸರ್ಕಾರದ್ದೇ ಮೊಹರು. ಇಬ್ಬರಲ್ಲಿ ಒಬ್ಬರ ಪರ ನಿಂತು ಬೇಲಿ ಹಾಕಿಸಿದರೆ, ಸಿವಿಲ್ ವ್ಯಾಜ್ಯಕ್ಕೆ ಪೊಲೀಸರು ತಲೆಹಾಕಿದರು ಎಂಬ ದೂರು ಮೇಲಧಿಕಾರಿಗೆ ಹೋಗುತ್ತದೆ. ಹಾಗೆ ತಲೆಹಾಕಬಾರದೆಂದು ನ್ಯಾಯಾಲಯಗಳು ಪೊಲೀಸರಿಗೆ ಮತ್ತೆ ಮತ್ತೆ ಹೇಳಿವೆ. ಗಡಿ ಎಲ್ಲಿದೆ ಎಂದು ತೀರ್ಮಾನಿಸುವ ಅಧಿಕಾರ ಖಾಕಿಗೆ ಇಲ್ಲ.

ಹಾಗಾದರೆ ಗಡಿ ಎಲ್ಲಿದೆ? ಮಲೆನಾಡಿನಲ್ಲಿ ಈ ಪ್ರಶ್ನೆ ಬಯಲುಸೀಮೆಯಷ್ಟು ಸಲೀಸಲ್ಲ. ಅಲ್ಲಿ ಬದು ಕಣ್ಣಿಗೆ ಕಾಣುತ್ತದೆ, ಒಂದು ತುದಿಯಲ್ಲಿ ನಿಂತರೆ ಇನ್ನೊಂದು ತುದಿ ಗೊತ್ತಾಗುತ್ತದೆ. ಇಲ್ಲಿ ಎರಡು ಗುಡ್ಡದ ನಡುವಿನ ಕಣಿವೆಯಲ್ಲಿ ತೋಟ, ತೋಟದ ಮೇಲೆ ದರೆ, ದರೆಯ ಮೇಲೆ ಅಗಳು, ಅದರಾಚೆ ಬೆಟ್ಟ. ತೋಟದೊಳಗೆ ಒಬ್ಬರ ಬರಣಕ್ಕೂ ಇನ್ನೊಬ್ಬರ ಬರಣಕ್ಕೂ ನಡುವೆ ಇರುವುದು ಬಸಿಗಾಲುವೆ. ಆಗುಂಬೆ ಇರುವುದು ತೀರ್ಥಹಳ್ಳಿ ತಾಲ್ಲೂಕಿನಲ್ಲಿ, ಹುಲಿಕಲ್ಲು ಹೊಸನಗರ ತಾಲ್ಲೂಕಿನಲ್ಲಿ. ಎರಡೂ ನಾಡಿನಲ್ಲೇ ಅತಿ ಹೆಚ್ಚು ಮಳೆ ಬೀಳುವ ಜಾಗಗಳು. ಇಂಥ ಮಳೆಯಲ್ಲಿ ಮಣ್ಣಿನ ಗಡಿ ಒಂದೇ ಕಡೆ ನಿಲ್ಲುವುದಿಲ್ಲ.

ಅಗಳಿನ ವಿಷಯವನ್ನೇ ತೆಗೆದುಕೊಳ್ಳಿ. ದನ ಇಳಿಯದಿರಲಿ, ಗುಡ್ಡದ ನೀರು ನೇರ ತೋಟಕ್ಕೆ ನುಗ್ಗದಿರಲಿ ಎಂದು ತೋಡಿದ ಕಂದಕ ಅದು. ಮಳೆಗಾಲ ಮುಗಿದ ಮೇಲೆ ಅದರಲ್ಲಿ ಕೂತ ಹೂಳನ್ನು ಎತ್ತಿ ಹಾಕಬೇಕು. ಎತ್ತುವವನು ಮಣ್ಣನ್ನು ತನ್ನ ಕಡೆಯ ದಂಡೆಗೆ ಹಾಕಿ ಗಟ್ಟಿ ಮಾಡುತ್ತಾನೆ, ಹಾರೆ ಬೀಳುವುದು ಆಚೆಯವನ ದಂಡೆಗೆ. ವರ್ಷಕ್ಕೆ ಒಂದು ಗೇಣು ಸರಿದರೆ ಯಾರ ಕಣ್ಣಿಗೂ ಬೀಳುವುದಿಲ್ಲ. ಹನ್ನೆರಡು ವರ್ಷಕ್ಕೆ ಅದು ಒಂಬತ್ತು ಅಡಿ. ಅಡಿಕೆಗೆ ಸಾಲಿನಿಂದ ಸಾಲಿಗೆ ಬಿಡುವ ಅಂತರವೂ ಒಂಬತ್ತು ಅಡಿ. ಅಲ್ಲಿಗೆ ಒಂದು ಸಾಲು ಸಸಿ ಕೂರುತ್ತದೆ. ಸಸಿ ಫಸಲಿಗೆ ಬಂದ ಮೇಲೆ ಆ ನೆಲ ತನ್ನದಲ್ಲ ಎಂದು ಒಪ್ಪಿಕೊಳ್ಳುವ ಮನಸ್ಸು ನೆಟ್ಟವನಿಗೂ ಇರುವುದಿಲ್ಲ, ಅವನ ಮಗನಿಗಂತೂ ಆ ನೆಲದ ಕತೆಯೇ ಗೊತ್ತಿರುವುದಿಲ್ಲ. ಹಾರೆಯ ಕಾಲದಲ್ಲಿ ಹನ್ನೆರಡು ವರ್ಷ ಹಿಡಿಯುತ್ತಿದ್ದ ಈ ಕೆಲಸವನ್ನು ಈಗ ಜೆಸಿಬಿ ಒಂದು ಬೆಳಗ್ಗೆ ಮುಗಿಸುತ್ತದೆ.

ನೆಲ ಅಳೆಯುವುದು ಈ ಸೀಮೆಗೆ ಹೊಸದಲ್ಲ. ಸಾಗರದ ಪಕ್ಕದ ಕೆಳದಿ, ಇಕ್ಕೇರಿಗಳಿಂದ ಆಳಿ, ಆಮೇಲೆ ಹೊಸನಗರ ತಾಲ್ಲೂಕಿನ ಬಿದನೂರನ್ನು ರಾಜಧಾನಿ ಮಾಡಿಕೊಂಡ ಕೆಳದಿ ಅರಸರಲ್ಲಿ ಶಿವಪ್ಪ ನಾಯಕ 17ನೇ ಶತಮಾನದಲ್ಲೇ ಜಮೀನನ್ನು ತರಗತಿ ಮಾಡಿ ಕಂದಾಯ ಗೊತ್ತುಮಾಡಿದ. 'ಶಿವಪ್ಪ ನಾಯಕನ ಶಿಸ್ತು' ಎಂದು ಜನ ಇಂದಿಗೂ ಅದನ್ನು ಹೆಸರಿಸುತ್ತಾರೆ. ಸಾಗರದ ಹತ್ತಿರದ ಕಾಗೋಡಿನಲ್ಲಿ 1951ರಲ್ಲಿ ಗೇಣಿದಾರರು ಎದ್ದರು. ಭತ್ತ ಅಳೆಯುವ ಕೊಳಗದ ಗಾತ್ರದಿಂದ ಶುರುವಾದ ಸತ್ಯಾಗ್ರಹ ರಾಮಮನೋಹರ ಲೋಹಿಯಾ ಅವರನ್ನು ಇಲ್ಲಿಗೆ ಕರೆತಂದಿತು, ಅವರ ಬಂಧನವೂ ಆಯಿತು. 1964ರಲ್ಲಿ ಲಿಂಗನಮಕ್ಕಿ ಅಣೆಕಟ್ಟು ಮುಗಿದಾಗ ಶರಾವತಿ ಹಿನ್ನೀರು ಸಾಗರ, ಹೊಸನಗರಗಳ ಎಷ್ಟೋ ಹಳ್ಳಿಗಳನ್ನು ಗದ್ದೆ, ತೋಟ, ಬಾಂದುಕಲ್ಲು ಸಮೇತ ನುಂಗಿತು. ಎದ್ದು ಹೋದವರು ಬೇರೆ ಕಡೆ ಹೊಸ ಗಡಿ ಹಾಕಿಕೊಳ್ಳಬೇಕಾಯಿತು. ದೇವರಾಜ ಅರಸು ಸರ್ಕಾರದ ಭೂಸುಧಾರಣಾ ತಿದ್ದುಪಡಿ 1974ರ ಮಾರ್ಚ್ 1ರಿಂದ ಜಾರಿಗೆ ಬಂದು ಗೇಣಿ ಪದ್ಧತಿ ಹೋಯಿತು. ಫಾರಂ 7 ತುಂಬಿದವರಿಗೆ ಭೂನ್ಯಾಯಮಂಡಳಿಗಳು ಅಧಿಭೋಗದ ಹಕ್ಕು ಕೊಟ್ಟವು. ಒಂದೇ ಸರ್ವೆ ನಂಬರಿನಲ್ಲಿ ಇವರಿಗೆ ಇಷ್ಟು ಗುಂಟೆ, ಅವರಿಗೆ ಅಷ್ಟು ಗುಂಟೆ ಎಂದು ಆದೇಶವಾಯಿತು. ಎಷ್ಟೋ ಕಡೆ ಆ ಪಾಲುಗಳನ್ನು ಅಳೆದು ಬೇರ್ಪಡಿಸುವ ಪೋಡಿ ಆಗಲಿಲ್ಲ. ಹಕ್ಕು ಪಹಣಿಗೆ ಬಂತು, ಗೆರೆ ನೆಲಕ್ಕೆ ಬರಲಿಲ್ಲ.

ಸಾಲದ್ದಕ್ಕೆ ಸೊಪ್ಪಿನಬೆಟ್ಟ, ಕಾನು. 1964ರ ಕರ್ನಾಟಕ ಭೂಕಂದಾಯ ಕಾಯ್ದೆಯ 79ನೇ ಕಲಮು ಇವುಗಳ ಸವಲತ್ತನ್ನು ಉಳಿಸಿದೆ. ಸೊಪ್ಪು, ದರಗು ತರಬಹುದು. ನೆಲ ಮಾತ್ರ ಸರ್ಕಾರದ್ದು. ಡಿಕ್ರಿಯ ಚಕ್ಕುಬಂದಿಯಲ್ಲಿ 'ಉತ್ತರಕ್ಕೆ ಸೊಪ್ಪಿನಬೆಟ್ಟ' ಎಂದಿದ್ದರೆ ಆ ಬೆಟ್ಟ ಎಲ್ಲಿಂದ ಶುರು ಎಂಬುದಕ್ಕೇ ಇನ್ನೊಂದು ಅಳತೆ ಬೇಕು, ಕಂದಾಯದವರ ಜೊತೆ ಕೆಲವೊಮ್ಮೆ ಅರಣ್ಯ ಇಲಾಖೆಯೂ ಬಂದು ನಿಲ್ಲುತ್ತದೆ.

ಇನ್ನು ನ್ಯಾಯಾಲಯದ ಅಂಗಳ. ಮೂರೂ ತಾಲ್ಲೂಕು ಕೇಂದ್ರಗಳಲ್ಲಿ ಸಿವಿಲ್ ನ್ಯಾಯಾಲಯಗಳಿವೆ. ಬೆಳಗಿನ ಬಸ್ಸಿಗೆ ಬಂದವರು ಕೊಡೆ ಮಡಚಿ ಗೋಡೆಗೆ ಒರಗಿಸಿ, ಜಗಲಿಯಲ್ಲಿ ಹಾಕಿದ ಪಟ್ಟಿಯಲ್ಲಿ ತಮ್ಮ ನಂಬರು ಹುಡುಕುತ್ತಾರೆ. ಕೆಲವರದ್ದು ವಾಯಿದೆ, ಕೆಲವರದ್ದು ಸಾಕ್ಷಿ. ಕ್ಯಾಂಟೀನಿನ ಮೂಲೆಯಲ್ಲಿ ವಕೀಲರು ಆ ಹಳೆಯ ಡಿಕ್ರಿಯನ್ನು ಬಿಚ್ಚಿ ನೋಡುತ್ತಾರೆ. ಅವರ ಬೆರಳು ತಾರೀಕಿನ ಮೇಲೆ ನಿಲ್ಲುವುದಿಲ್ಲ. 'ಆದುದರಿಂದ' ಎಂದು ಶುರುವಾಗುವ ಕೊನೆಯ ವಾಕ್ಯದ ಹತ್ತಿರ ಹೋಗಿ ನಿಲ್ಲುತ್ತದೆ.

ಡಿಕ್ರಿ ಹಳೆಯದೋ ಹೊಸದೋ ಎನ್ನುವುದಕ್ಕಿಂತ ಅದರಲ್ಲಿ ಏನು ಹೇಳಿದೆ ಎಂಬುದು ಮುಖ್ಯ. ಸ್ವಾಧೀನ ಬಿಟ್ಟುಕೊಡು ಎಂದಿದ್ದರೆ ಅಮಲ್ಜಾರಿಗೆ 1963ರ ಕಾಲಮಿತಿ ಕಾಯ್ದೆ ಕೊಡುವುದು 12 ವರ್ಷ. ಕಟ್ಟಿದ ಗೋಡೆ ಕೆಡವು, ಮುಚ್ಚಿದ ದಾರಿ ತೆರೆ ಎಂದಿದ್ದರೆ 3 ವರ್ಷ ಮಾತ್ರ. ವಾದಿಯ ಸ್ವಾಧೀನಕ್ಕೆ ಅಡ್ಡಿ ಮಾಡಕೂಡದು ಎಂಬ ಶಾಶ್ವತ ಪ್ರತಿಬಂಧಕಾಜ್ಞೆಯಾಗಿದ್ದರೆ ಕಾಲಮಿತಿಯೇ ಇಲ್ಲ. ಅಜ್ಜನ ಕಾಲದಲ್ಲಿ ಆಗಿದ್ದರೂ ಇಂದು ಮುರಿದರೆ ಇಂದೇ ಅಮಲ್ಜಾರಿ ಅರ್ಜಿ ಹಾಕಬಹುದು. ಸೋತವನು ಸತ್ತ, ಮಗನಿಗೆ ಅದು ತಾಗುತ್ತದೆಯೇ ಎಂಬ ಅನುಮಾನವೂ ಇತ್ತು. ಕರ್ನಾಟಕದಿಂದಲೇ ಹೋದ ಒಂದು ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 2017ರಲ್ಲಿ ಅದನ್ನು ಪರಿಹರಿಸಿತು. ಆಸ್ತಿಗೆ ಸಂಬಂಧಿಸಿದ ಇಂಥ ಆಜ್ಞೆ ಸೋತವನ ವಾರಸುದಾರರನ್ನೂ ಕಟ್ಟಿಹಾಕುತ್ತದೆ.

"ಹಿಂಬರಹ ಕೊಟ್ರು ಅಂತ ಬೇಜಾರು ಮಾಡ್ಕೋಬೇಡಿ" ಎನ್ನುತ್ತಾರೆ ವಕೀಲರು. "ಪೊಲೀಸರನ್ನ ನೀವು ಕರೆದ್ರೆ ಬರಲ್ಲ. ಜಡ್ಜು ಕಳಿಸಿದ್ರೆ ಬರ್ತಾರೆ."

ಆ ದಾರಿ ಹೀಗಿದೆ. 1908ರ ಸಿವಿಲ್ ಪ್ರಕ್ರಿಯಾ ಸಂಹಿತೆಯ 21ನೇ ಆದೇಶದ 32ನೇ ನಿಯಮದಡಿ ಅಮಲ್ಜಾರಿ ಅರ್ಜಿ. ಪ್ರತಿಬಂಧಕಾಜ್ಞೆ ಗೊತ್ತಿದ್ದೂ ಮುರಿದವನನ್ನು ಸಿವಿಲ್ ಬಂದೀಖಾನೆಗೆ ಹಾಕಬಹುದು, ಅವನ ಆಸ್ತಿ ಜಪ್ತಿ ಮಾಡಬಹುದು. ಮುಚ್ಚಿದ ಅಗಳನ್ನು ನ್ಯಾಯಾಲಯವೇ ಬೇರೆಯವರ ಕೈಯಿಂದ ತೋಡಿಸಿ ಖರ್ಚನ್ನು ಮುಚ್ಚಿದವನಿಂದ ವಸೂಲು ಮಾಡಬಹುದು. 'ಮಾಡಬೇಡ' ಎಂಬ ಆಜ್ಞೆಗೂ ಈ ಉಪಾಯ ಅನ್ವಯಿಸುತ್ತದೆಂದು 2002ರ ತಿದ್ದುಪಡಿಯ ವಿವರಣೆ ಸ್ಪಷ್ಟಪಡಿಸಿದೆ. ಅದರ ಜೊತೆಗೇ 151ನೇ ಕಲಮಿನಡಿ ಪೊಲೀಸ್ ನೆರವಿಗೆ ಇನ್ನೊಂದು ಅರ್ಜಿ. ಜಡ್ಜು ಒಪ್ಪಿದರೆ ಠಾಣಾಧಿಕಾರಿಗೆ ಆದೇಶ ಹೋಗುತ್ತದೆ. ಮೊನ್ನೆ ಹಿಂಬರಹ ಕೊಟ್ಟ ಅದೇ ಠಾಣೆ ಆಗ ಬಂದೋಬಸ್ತಿಗೆ ಜನ ಕಳಿಸಲೇಬೇಕು.

ಹೇಳಲು ಎರಡು ವಾಕ್ಯ, ನಡೆಯಲು ವರ್ಷಗಳು. ಭಾರತದಲ್ಲಿ ಕಕ್ಷಿದಾರನ ಕಷ್ಟ ಡಿಕ್ರಿ ಸಿಕ್ಕ ಮೇಲೆ ಶುರುವಾಗುತ್ತದೆ ಎಂಬರ್ಥದ ಮಾತನ್ನು ಲಂಡನ್ನಿನ ಪ್ರಿವಿ ಕೌನ್ಸಿಲ್ 1872ರಲ್ಲೇ ಆಡಿತ್ತು. ಬೆಂಗಳೂರಿನ ಒಂದು ಆಸ್ತಿ ವ್ಯಾಜ್ಯದಲ್ಲಿ ಸುಪ್ರೀಂ ಕೋರ್ಟ್ 2021ರ ಏಪ್ರಿಲ್‌ನಲ್ಲಿ ಬೇಸತ್ತು, ಅಮಲ್ಜಾರಿ ಅರ್ಜಿಗಳನ್ನು 6 ತಿಂಗಳೊಳಗೆ ಮುಗಿಸಬೇಕು, ತಡವಾದರೆ ಕಾರಣ ಬರೆದಿಡಬೇಕು, ಬೇಕಾದಾಗ ಪೊಲೀಸ್ ನೆರವು ಕೊಡಿಸಬೇಕು ಎಂದಿತು. 2025ರಲ್ಲಿ ಅದೇ ನ್ಯಾಯಾಲಯ ಲೆಕ್ಕ ತರಿಸಿದಾಗ ದೇಶದಲ್ಲಿ 8.8 ಲಕ್ಷಕ್ಕೂ ಹೆಚ್ಚು ಅಮಲ್ಜಾರಿ ಅರ್ಜಿಗಳು ಬಾಕಿ ಇದ್ದವು. ಅಂದರೆ ಗೆದ್ದು ಕಾಯುತ್ತಿರುವವರ ಸಾಲು ಅದು.

ಆ ಸಾಲಿನಲ್ಲಿ ಗಡಿ ವ್ಯಾಜ್ಯದವರಿಗೆ ಒಂದು ತೊಡಕು ಹೆಚ್ಚು. ಅಮಲು ಮಾಡುವ ನ್ಯಾಯಾಲಯ ಡಿಕ್ರಿಯ ಬೆನ್ನಹಿಂದೆ ಹೋಗುವಂತಿಲ್ಲ. ಅದರಲ್ಲಿ ಇಲ್ಲದ್ದನ್ನು ಸೇರಿಸುವಂತಿಲ್ಲ. ಷೆಡ್ಯೂಲಿನ ಗೆರೆ ನೆಲದ ಮೇಲೆ ಎಲ್ಲಿ ಹಾಯುತ್ತದೆ ಎಂದು ತೋರಿಸದೆ ಅಡ್ಡಿ ಆಗಿದೆ ಎಂದು ಸಾಬೀತು ಮಾಡುವುದಾದರೂ ಹೇಗೆ? ಹಾಗಾಗಿ ಬರುತ್ತಾರೆ ಕೋರ್ಟ್ ಕಮಿಷನರು, ಅವರ ಜೊತೆಗೆ ಭೂಮಾಪಕರು.

ಅಳತೆಯ ದಿನ ತೋಟದಲ್ಲಿ ಹಬ್ಬದಷ್ಟು ಜನ. ಪಕ್ಕದ ಹಿಡುವಳಿದಾರರಿಗೆಲ್ಲ ನೋಟಿಸು ಹೋಗಿದೆ. ಸರ್ವೆಯವರು ಮೂಲ ಟಿಪ್ಪಣಿಯ ನಕಲು ತೆಗೆಯುತ್ತಾರೆ. ಅಡಿ, ಮೀಟರು ಯಾವುದೂ ಅದರಲ್ಲಿಲ್ಲ. ಸರಪಳಿ, ಆಣೆ. ಒಂದು ಸರಪಳಿಗೆ 33 ಅಡಿ, ಅದರ ಹದಿನಾರನೇ ಒಂದು ಪಾಲು ಆಣೆ. 33 ಅಡಿ ಉದ್ದ, 33 ಅಡಿ ಅಗಲದ ಚೌಕವೇ ಒಂದು ಗುಂಟೆ. ನಲವತ್ತು ಗುಂಟೆಗೆ ಎಕರೆ. ಈಗ ರೋವರ್ ಬಂದಿದೆ, ಕೋಲಿನ ತುದಿಯ ಯಂತ್ರ ಉಪಗ್ರಹದಿಂದ ಸ್ಥಾನ ಹೇಳುತ್ತದೆ. ಆದರೂ ಎಲ್ಲಿಂದ ಅಳೆಯಬೇಕು ಎಂಬುದನ್ನು ಅದು ಹೇಳುವುದಿಲ್ಲ. ಅದಕ್ಕೆ ಒಂದು ಹಳೆಯ ಬಾಂದುಕಲ್ಲಾದರೂ ಸಿಗಬೇಕು.

ಹುಡುಕಾಟ ಶುರುವಾಗುತ್ತದೆ. ಒಬ್ಬರು ಜಿಗ್ಗು ಸವರುತ್ತಾರೆ, ಇನ್ನೊಬ್ಬರು ಹಾರೆಯಲ್ಲಿ ಕುಟ್ಟಿ ಸದ್ದು ಕೇಳುತ್ತಾರೆ. ದರಗಿನ ಕೆಳಗೆ ಒಂದು ಮೊಳ ಆಳದಲ್ಲಿ ಕಲ್ಲು ತಾಗುತ್ತದೆ. ಮಣ್ಣು ಬಿಡಿಸಿ, ನೀರು ಹೊಯ್ದು ತೊಳೆದು ನೋಡಿದರೆ ತಲೆಯ ಮೇಲೆ ಗುರುತಿಲ್ಲ, ಬರೀ ಜಂಬಿಟ್ಟಿಗೆ. ಇನ್ನೂ ಎಂಟು ಹೆಜ್ಜೆ ಆಚೆ ಮತ್ತೊಂದು. ಇದರ ತಲೆಯಲ್ಲಿ ಉಳಿಯಲ್ಲಿ ಕೆತ್ತಿದ ಗೆರೆ ಇದೆ. ಎರಡೂ ಕಡೆಯವರು ಬಗ್ಗಿ ನೋಡುತ್ತಾರೆ. "ಇದನ್ನ ಯಾರೋ ಕಿತ್ತು ಇಲ್ಲಿ ತಂದು ಹಾಕಿದಾರೆ" ಎನ್ನುತ್ತದೆ ಒಂದು ದನಿ. ಸರ್ವೆಯವರು ಮಾತಾಡದೆ ಇನ್ನೆರಡು ದಿಕ್ಕಿನ ಕಲ್ಲಿನಿಂದ ಅಳೆದು ಬರುತ್ತಾರೆ. ಲೆಕ್ಕ ಕೂಡಿದರೆ ಕಲ್ಲು ಸಾಚಾ. ಕೂಡದಿದ್ದರೆ ಮತ್ತೆ ಹಾರೆ. ಕೊನೆಗೆ ಬಿಳಿ ಸುಣ್ಣದ ಗೆರೆ ಎಳೆದಾಗ ಅದು ಅಡಿಕೆ ಮರಗಳ ನಡುವೆ, ಕೆಲವು ಮರದ ಬುಡಕ್ಕೇ ತಾಗಿಕೊಂಡು ಹೋಗುತ್ತದೆ. ನಕ್ಷೆಗೆ ಸಹಿ ಬೀಳುತ್ತದೆ. ಒಬ್ಬರು ಸಹಿ ಹಾಕಲು ಒಪ್ಪುವುದಿಲ್ಲ, ಅದನ್ನೂ ಬರೆದುಕೊಳ್ಳುತ್ತಾರೆ.

ಈ ನಕ್ಷೆ ಕಡತ ಸೇರಿ, ಅದರ ಮೇಲೆ ಆಕ್ಷೇಪಣೆ, ವಿಚಾರಣೆ ಮುಗಿದ ಮೇಲೆ ಬರುವುದು ಬಂದೋಬಸ್ತಿನ ದಿನ. ಕೋರ್ಟಿನ ಅಮೀನರು ವಾರಂಟು ಹಿಡಿದು ಬಸ್ಸಿಳಿಯುತ್ತಾರೆ. ಠಾಣೆಯ ಜೀಪಿನಲ್ಲಿ ಎಎಸ್‌ಐ, ಜೊತೆಗೆ ಕಾನ್‌ಸ್ಟೇಬಲ್‌ಗಳು, ಹೆಂಗಸರು ಅಡ್ಡ ನಿಂತರೆ ಎಂದು ಮಹಿಳಾ ಸಿಬ್ಬಂದಿ. ಪೊಲೀಸರು ಸಲಿಕೆ ಮುಟ್ಟುವುದಿಲ್ಲ, ಬೇಲಿ ಕಟ್ಟುವುದಿಲ್ಲ, ಗಡಿ ತೋರಿಸುವುದೂ ಇಲ್ಲ. ಉಣಗೋಲಿನ ಹತ್ತಿರ ನಿಂತು ನೋಡುತ್ತಾರೆ, ಅಷ್ಟೇ. ಅಮೀನರು ನಕ್ಷೆ ತೋರಿಸಿ ಕೆಲಸ ಹೇಳುತ್ತಾರೆ, ಯಂತ್ರ ಅಗಳಿನ ಮಣ್ಣು ತೆಗೆಯುತ್ತದೆ. "ನಮ್ಮ ಸಸಿ ಮುಟ್ಟಿದ್ರೆ ನೋಡಿ" ಎಂದು ಯಾರೋ ಕೂಗುತ್ತಾರೆ. ಎಎಸ್‌ಐ ಅತ್ತ ನಾಲ್ಕು ಹೆಜ್ಜೆ ಹಾಕಿ, "ಅಮ್ಮಾ, ಹೇಳೋದಿದ್ರೆ ಜಡ್ಜಿಗೆ ಹೇಳಿ. ಇಲ್ಲಿ ತಡೆದ್ರೆ ನಿಮ್ಮ ಮೇಲೇ ಬರೀಬೇಕಾಗ್ತದೆ" ಎನ್ನುತ್ತಾರೆ. ಕೂಗು ಗೊಣಗಾಟಕ್ಕೆ ಇಳಿಯುತ್ತದೆ. ಮಹಜರು ಬರೆದು, ಪಂಚರ ಸಹಿ ಪಡೆದು, ಊಟದ ಹೊತ್ತಿಗೆ ಜೀಪು ವಾಪಸು. ಠಾಣೆಯ ಜಗಲಿಯಲ್ಲಿ ಕೇಳಿದ ನೆರವು ಸಿಕ್ಕಿದ್ದು ಈ ರೂಪದಲ್ಲಿ.

ಹಾಗೆಂದು ಕೋರ್ಟಿನ ಆದೇಶ ಇಲ್ಲದೆ ಪೊಲೀಸರಿಗೆ ಏನೂ ಕೆಲಸವಿಲ್ಲ ಎಂದಲ್ಲ. ಬೇಲಿ ಕಡಿದರೆ, ಸಸಿ ಕಿತ್ತರೆ, ಬೆದರಿಸಲು ಒಳನುಗ್ಗಿದರೆ ಅದು ಅಪರಾಧ. 2024ರ ಜುಲೈ 1ರಿಂದ ಜಾರಿಯಲ್ಲಿರುವ ಭಾರತೀಯ ನ್ಯಾಯ ಸಂಹಿತೆಯಲ್ಲಿ ಅತಿಕ್ರಮ ಪ್ರವೇಶಕ್ಕೆ 3 ತಿಂಗಳವರೆಗೆ ಸಜೆ ಇದೆ. ಸರ್ಕಾರಿ ಅಧಿಕಾರಿ ನೆಟ್ಟ ಗಡಿಗುರುತನ್ನು ಕೆಡಿಸುವುದಕ್ಕೂ ಸರಿಸುವುದಕ್ಕೂ ಇನ್ನೂ ಹೆಚ್ಚು, 1 ವರ್ಷದವರೆಗೆ. ಹೊಡೆದಾಟವಾಗುವ ಸೂಚನೆ ಇದ್ದರೆ ಠಾಣೆ ತಹಶೀಲ್ದಾರರಿಗೆ ವರದಿ ಕಳಿಸಿ ಎರಡೂ ಕಡೆಯವರಿಂದ ಶಾಂತಿಗೆ ಮುಚ್ಚಳಿಕೆ ಬರೆಸಿಕೊಳ್ಳಬಹುದು. 'ಡಿಕ್ರಿ ಜಾರಿ ಮಾಡಿಸಿಕೊಡಿ' ಎಂದು ಬರೆದ ಅರ್ಜಿಗೆ ಹಿಂಬರಹ ಬರುತ್ತದೆ. 'ಇಂಥ ದಿನ ಇಂಥವರು ಸರ್ವೆ ಇಲಾಖೆ ನೆಟ್ಟ ಕಲ್ಲು ಕಿತ್ತರು, ಬೇಲಿ ಕಡಿದರು' ಎಂದು ಬರೆದು ನಕ್ಷೆ ಲಗತ್ತಿಸಿದ ದೂರನ್ನು ಹಾಗೆ ತಳ್ಳಿಹಾಕುವುದು ಅಷ್ಟು ಸುಲಭವಲ್ಲ. ಅನೇಕರ ಅರ್ಜಿಯಲ್ಲಿ ಮೂರು ಪುಟ ಅಪ್ಪ, ಅಜ್ಜನ ಕತೆ ಇರುತ್ತದೆ, ನಡೆದ ಕೃತ್ಯ ಕೊನೆಯ ಸಾಲಿನಲ್ಲಿರುತ್ತದೆ.

ನಿಜವಾದ ತಪ್ಪು ಆಗಿರುವುದು ಠಾಣೆಯಲ್ಲೂ ಅಲ್ಲ, ಅಮಲ್ಜಾರಿಯಲ್ಲೂ ಅಲ್ಲ. ದಾವೆ ಹಾಕಿದ ದಿನವೇ. ಚಕ್ಕುಬಂದಿ ಬರೆದು, ಮರ, ಹಳ್ಳ, ಪಕ್ಕದವರ ಹೆಸರು ಹೇಳಿ ಡಿಕ್ರಿ ತಂದವರ ಕೈಯಲ್ಲಿ ಮಾತು ಉಳಿಯಿತು, ಜಾಗ ಉಳಿಯಲಿಲ್ಲ. ಹದ್ದುಬಸ್ತಿಗೆ ಅರ್ಜಿ ಕೊಟ್ಟು ಅಳತೆ ಮಾಡಿಸಿ, ಕಲ್ಲು ನೆಡಿಸಿ, ಆ ನಕ್ಷೆಯನ್ನೇ ದಾವೆಗೆ ಲಗತ್ತಿಸಿ, ಡಿಕ್ರಿಯ ಭಾಗವಾಗಿ ಮಾಡಿಸಿಕೊಂಡವರಿಗೆ ಪೊಲೀಸರ ಅಗತ್ಯ ಬೀಳುವುದೇ ಕಡಿಮೆ. ಬಿದ್ದರೂ ಬಂದವರು ಗೊಂದಲವಿಲ್ಲದೆ ನಿಲ್ಲಬಹುದು. ಲೋಕ ಅದಾಲತ್‌ನಲ್ಲಿ ರಾಜಿಯಾದರೂ ಇದೇ ಮಾತು. ಆ ರಾಜಿ ಡಿಕ್ರಿಗೆ ಸಮ, ಮೇಲ್ಮನವಿಯೂ ಇಲ್ಲ. ಆದರೆ 'ಇಬ್ಬರೂ ಹೊಂದಿಕೊಂಡು ಹೋಗತಕ್ಕದ್ದು' ಎಂದಷ್ಟೇ ಬರೆದರೆ ಮುಂದಿನ ಮಳೆಗಾಲದ ತನಕ ಬಾಳುತ್ತದೆ.

ಹೊಂದಿಕೊಂಡು ಹೋಗದೆ ಇಲ್ಲಿ ವಿಧಿಯೂ ಇಲ್ಲ. ಮೇಲಿನ ತೋಟದ ಬಸಿನೀರು ಕೆಳಗಿನವನ ತೋಟದ ಮೇಲೇ ಹೋಗಬೇಕು. ಕೊನೆಗಾರ ಒಬ್ಬನೇ, ಎರಡೂ ತೋಟಕ್ಕೆ ಅವನೇ ಬರಬೇಕು. ಕೋರ್ಟಿನಲ್ಲಿ ವಾದಿ ಪ್ರತಿವಾದಿಯಾದವರು ಅದೇ ಬಸ್ಸಿನಲ್ಲಿ ಒಂದೇ ಊರಿಗೆ ಮರಳುತ್ತಾರೆ. ಕಲ್ಲು ನೆಟ್ಟು ಹೊರಟ ಸರ್ವೆಯವರೊಬ್ಬರು ಚೀಲ ಹೆಗಲಿಗೇರಿಸಿಕೊಂಡು ಇಬ್ಬರಿಗೂ ಒಟ್ಟಿಗೆ ಹೇಳಿದ ಮಾತು ಮೂರೂ ತಾಲ್ಲೂಕಿಗೆ ಸಲ್ಲುತ್ತದೆ: "ವರ್ಷಕ್ಕೊಂದ್ಸಲ ಇಬ್ರೂ ಬಂದು ಈ ಕಲ್ಲಿನ ಸುತ್ತ ಜಿಗ್ಗು ಸವರಿ, ಸುಣ್ಣ ಬಳಿದು ಹೋಗಿ. ಕಾಣದೆ ಇರೋ ಕಲ್ಲಿಗೆ ಪೊಲೀಸೂ ಇಲ್ಲ, ಕೋರ್ಟೂ ಇಲ್ಲ."